ಡ್ರೈವರ್ ಬಾಫಿ ಕ್ಲೀನರ್ ಆದದ್ದು

ಬಾಫಿಯ ಬಗ್ಗೆ ನಾಲ್ಕು ಒಳ್ಳೆಯ ಮಾತು ಹೇಳು ಅಂದರೆ ನನಗೆ ಕಷ್ಟ. ಎರಡು ಹೇಳಬಲ್ಲೆ, ಅದೂ ಅವನು ಎದುರಿಗಿಲ್ಲದಾಗ. ಕೆಟ್ಟ ಮಾತು ಬೇಕಿದ್ದರೆ ಒಂದು ಹಂಡೆ ಕೆಂಕೆ ಬೇಯುವಷ್ಟು ಹೊತ್ತು ಉಸಿರು ಬಿಡದೆ ಹೇಳುತ್ತೇನೆ. ನಾನು ಡುಫಿ. ನಮ್ಮ ಕುಮಾಸಿ ಪಟ್ಟಣದ ಲಾರಿ ಸ್ಟೇಷನ್ನಿನ ಬೇವಿನ ಮರದ ಕೆಳಗೆ, ಹುಳಿ ಬಂದ ಜೋಳದ ಹಿಟ್ಟನ್ನು ಉಂಡೆ ಕಟ್ಟಿ ಎಲೆ ಸುತ್ತಿ ಬೇಯಿಸಿ, ಆ ಕೆಂಕೆಯನ್ನು ಹುರಿದ ಮೀನು, ಖಾರದ ಜೊತೆ ಮಾರುವವಳು. ಅದೇ ಮರದ ಆ ಕಡೆ ಬೆಂಚಿನ ಮೇಲೆ ಬಾಫಿ. ಬೆಂಚಿಗೂ ಅವನಿಗೂ ಏನು ವ್ಯತ್ಯಾಸ ಅಂದರೆ ಬೆಂಚು ಮಾತಾಡುವುದಿಲ್ಲ.

ಅವನು ಲಾರಿ ಡ್ರೈವರ್. ಲಾರಿ ಸತ್ತು ಎಷ್ಟೋ ವರ್ಷ ಆಯಿತು, ಇವನು ಮಾತ್ರ ಇನ್ನೂ ಡ್ರೈವರ್. ಬೆಳಗ್ಗೆ ಎದ್ದು ಮುಖ ತೊಳೆದು, ಯಾರೋ ಎಂಜಿನ್ ಚಾಲೂ ಮಾಡಿಟ್ಟು ಕಾಯುತ್ತಿದ್ದಾರೇನೋ ಅನ್ನುವ ಹಾಗೆ ದಡದಡ ಬರುತ್ತಾನೆ. ಬಂದು ಬೆಂಚಿನ ಮೇಲೆ ಕೂರುತ್ತಾನೆ. ಸ್ಟೇಷನ್ನಿನಲ್ಲಿ ಯಾರಾದರೂ ಗಾಡಿ ಹಿಂದಕ್ಕೆ ತೆಗೆದರೆ ಸಾಕು, "ಎಡಕ್ಕೆ ಮುರಿ! ಎಡಕ್ಕೆ ಅಂದೆ! ಅಯ್ಯೋ, ಇವನಿಗೆ ಲೈಸೆನ್ಸ್ ಕೊಟ್ಟವನ ಕೈ ಸೇದಿಹೋಗ!" ಅಂತ ಕೂತಲ್ಲಿಂದಲೇ ಗಾಡಿ ಓಡಿಸುತ್ತಾನೆ.

ಅವನ ಲಾರಿಯ ಹಣೆಯ ಮೇಲೆ ಹಳದಿ ಬಣ್ಣದಲ್ಲಿ 'ಹಿಂದಿನವನಿಗೆ ಧೂಳು' ಅಂತ ಬರೆದಿತ್ತು. ಲಾರಿಯನ್ನು ಗುಜರಿಗೆ ಹಾಕಿದಾಗ ಆ ಹಲಗೆಯನ್ನು ಮಾತ್ರ ಕಿತ್ತು ತಂದು ಮಂಚದ ಎದುರಿನ ಗೋಡೆಗೆ ಹೊಡೆದುಕೊಂಡಿದ್ದಾನೆ. ಅವನ ಹೆಂಡತಿ ಅಬ್ರಾಫಿ ನನ್ನ ಹತ್ತಿರ ಬಂದು ಹೊಟ್ಟೆ ಉರಿದುಕೊಳ್ಳುತ್ತಾಳೆ. "ಬೆಳಗ್ಗೆ ಕಣ್ಣು ಬಿಟ್ಟ ತಕ್ಷಣ ಅದನ್ನ ನೋಡ್ತಾನೆ ಕಣೆ ಡುಫಿ. ಪಕ್ಕದಲ್ಲಿ ನಾನು ಬಿದ್ದಿರ್ತೀನಿ, ಬದುಕಿದೀನೋ ಸತ್ತಿದೀನೋ ತಿರುಗಿ ನೋಡಲ್ಲ."

ಡ್ರೈವರ್ ಅಂದಮೇಲೆ ಕ್ಲೀನರ್ ಇರಬೇಕಲ್ಲ. ಬಾಫಿಯ ಕ್ಲೀನರ್ ಅಡೊಮಾಕೊ. ಇಬ್ಬರೂ ಮೀಸೆ ಮೂಡುವ ಕಾಲದಿಂದ ಒಟ್ಟಿಗೆ. ಅಡೊಮಾಕೊ ಕಡ್ಡಿಯಂಥ ಮನುಷ್ಯ, ಆದರೆ ಅವನ ಬಲಗೈ ಮಾತ್ರ ಬೇರೆ ಯಾರದೋ ದೊಡ್ಡ ಗಂಡಸಿನದನ್ನು ತಂದು ಜೋಡಿಸಿದ ಹಾಗಿತ್ತು. ಆ ಕೈಯಲ್ಲಿ ಯಾವಾಗಲೂ ಮೂಲೆ ಕೆತ್ತಿದ ಒಂದು ಮರದ ದಿಮ್ಮಿ. ಲಾರಿ ಏರಿನಲ್ಲಿ ನಿಂತರೆ ಹಿಂದಿನಿಂದ ಹಾರಿ ಚಕ್ರಕ್ಕೆ ದಿಮ್ಮಿ ಒಡ್ಡಬೇಕು, ಹೊರಟರೆ ದಿಮ್ಮಿ ಎತ್ತಿಕೊಂಡು ಓಡಿ ಬಂದು ಹತ್ತಬೇಕು. ಬಾಫಿ ಒಂದು ಹಾರ್ನ್ ಹೊಡೆದರೆ ಇಳಿ, ಎರಡು ಹೊಡೆದರೆ ಹತ್ತು. ಎಷ್ಟೋ ಸಲ ಎರಡನೆಯ ಹಾರ್ನ್ ಹೊಡೆದ ಮೇಲೂ ಬಾಫಿ ನಿಲ್ಲಿಸುತ್ತಿರಲಿಲ್ಲ. ಪಾಪ, ಅಡೊಮಾಕೊ ಧೂಳು ಕುಡಿಯುತ್ತ ಮುಂದಿನ ಊರಿನ ತನಕ ಓಡುತ್ತಿದ್ದ. ನೀನ್ಯಾಕೆ ಡ್ರೈವಿಂಗ್ ಕಲಿಯಲಿಲ್ಲ ಅಂತ ನಾನೊಮ್ಮೆ ಕೇಳಿದ್ದೆ. "ಓಡಿಸೋಕೆ ಯಾವ ಕತ್ತೆ ಆದ್ರೂ ಆಗುತ್ತೆ ಅಕ್ಕಾ," ಅಂದ, "ನಿಲ್ಸೋಕೆ ಮನುಷ್ಯ ಬೇಕು."

ಈ ಮಾತು ಹುಟ್ಟಿದ್ದು ಮಾಂಪೊಂಗ್ ಘಾಟಿಯಲ್ಲಿ. ಆ ಕಥೆಯನ್ನು ಈ ಮರದ ಕೆಳಗೆ ನಾನು ಕೇಳಿದಷ್ಟು ಸಲ ಪಾದ್ರಿಯ ಪ್ರಸಂಗವನ್ನೂ ಕೇಳಿಲ್ಲ. ಲಾರಿ ತುಂಬ ಹೆಗ್ಗೆಣಸು, ಗೆಣಸಿನ ಮೇಲೆ ವ್ಯಾಪಾರದ ಹೆಂಗಸರು. ಘಾಟಿಯ ತುದಿಗೆ ಬಂದಾಗ ಎಂಜಿನ್ ಸತ್ತಿತು, ಬ್ರೇಕೂ ಹಿಡಿಯಲಿಲ್ಲ, ಲಾರಿ ಹಿಂದಕ್ಕೆ ಉರುಳಲು ಶುರು. ಅಡೊಮಾಕೊ ಹಾರಿ ದಿಮ್ಮಿ ಒಡ್ಡಿ ನಿಲ್ಲಿಸಿದ. ಬಲಗೈಯ ಒಂದು ಉಗುರು ಅಲ್ಲೇ ಹೋಯಿತು. ಬಾಫಿ ಇಳಿದು ಬಂದು, ಹಿಂದೆ ಪ್ರಪಾತ ನೋಡಿ, ಕ್ಲೀನರ್ ಮುಖ ನೋಡಿ ಹೇಳಿದ್ದು ಒಂದೇ ಮಾತು: "ತಡ ಮಾಡ್ದೆ ನೀನು." ಇಷ್ಟು ನಿಜ. ಮಿಕ್ಕಿದ್ದೆಲ್ಲ ಜಗಳ. ಬಾಫಿಯ ಪ್ರಕಾರ ಲಾರಿ ನಿಂತಿದ್ದು ಅವನು ಬ್ರೇಕ್ ತುಳಿದಿದ್ದರಿಂದ. ಅಡೊಮಾಕೊ ಪ್ರತಿ ಸಲವೂ ಹೇಳುತ್ತಿದ್ದ, "ನಿನ್ನ ಬ್ರೇಕು ನನ್ನ ಕೈಲಿತ್ತು ಯಜಮಾನ."

ಲಾರಿ ಹೋದ ಮೇಲೆ ಇಬ್ಬರೂ ಮರದ ಕೆಳಗೆ ಡಾಮೆ ಆಡಲು ಕೂತರು. ಹಲಗೆಯ ಮೇಲೆ ಬಿಲ್ಲೆಗಳನ್ನು ಬಡಿದು ಬಡಿದು ಆಡುವ ಆಟ ಅದು. ಕೈಯಷ್ಟೇ ಆಡಿದರೆ ಅದನ್ನು ಡಾಮೆ ಅನ್ನುವುದಿಲ್ಲ, ಬಾಯಿಯೂ ಆಡಬೇಕು. ಒಂದೊಂದು ಬಿಲ್ಲೆಗೂ ಒಂದೊಂದು ಬೈಗುಳ. "ಈ ನಡೆ ನಿಮ್ಮಪ್ಪ ಕಲಿಸಿದ್ದಾ, ಇಲ್ಲಾ ಅವನ ಮೇಕೆ ಕಲಿಸಿದ್ದಾ?" "ಬಿಲ್ಲೆ ಮುಟ್ಟಿದ್ರೆ ಸಾಲ್ದು ಯಜಮಾನ, ಬುದ್ಧಿನೂ ಮುಟ್ಕೊಂಡು ನೋಡ್ಕೋ, ಇದೆಯಾ ಅಂತ." ಬೆಳಗ್ಗೆ ಬಂದ ಕೂಡಲೇ ಇಬ್ಬರೂ ಕೈ ಕುಲುಕಿ, ಬಿಡುವಾಗ ನಮ್ಮ ಕಡೆಯ ಹಾಗೆ ನಡುಬೆರಳಿಗೆ ನಡುಬೆರಳು ಸಿಕ್ಕಿಸಿ ಚಟ್ ಅನ್ನಿಸುತ್ತಿದ್ದರು. ಆ ಸದ್ದು ನನ್ನ ಹಂಡೆಯ ತನಕ ಕೇಳುತ್ತಿತ್ತು. ಅದು ಕೇಳಿದರೆ ನಾನು ಕೆಂಕೆ ಇಳಿಸುವ ಹೊತ್ತಾಯಿತು ಅಂದುಕೊಳ್ಳುತ್ತಿದ್ದೆ.

ಹೋದ ಮಳೆಗಾಲದಲ್ಲಿ ಅಡೊಮಾಕೊಗೆ ಲಕ್ವ ಹೊಡೆಯಿತು. ಬಲಭಾಗ ಪೂರ್ತಿ ಹೋಯಿತು, ಮಾತು ಹೋಯಿತು. ಮಗಳು ತಾಚಿವಾ ಟೆಚಿಮಾನ್‌ನಲ್ಲಿ ಶಾಲೆಯ ಟೀಚರು, ಬಂದು ಕರೆದುಕೊಂಡು ಹೋದಳು. ಅವತ್ತಿಂದ ಬಾಫಿ ಆ 'ಕೈ ಸೇದಿಹೋಗ' ಅನ್ನುವ ಬೈಗುಳ ಬಿಟ್ಟ. ಯಾರೂ ಬಿಡು ಅನ್ನಲಿಲ್ಲ, ತಾನೇ ಬಿಟ್ಟ.

ನಾನು ಜೋಳ ಕೊಳ್ಳಲು ಆಗಾಗ ಟೆಚಿಮಾನ್ ಸಂತೆಗೆ ಹೋಗುತ್ತೇನೆ. ಒಂದು ಸಲ ಬಾಫಿಯೂ ಭಾನುವಾರದ ಶರಟು ಹಾಕಿಕೊಂಡು ವ್ಯಾನಿನಲ್ಲಿ ನನ್ನ ಪಕ್ಕ ಕೂತ. ಗೆಳೆಯನಿಗೆ ಅಂತ ನನ್ನಿಂದಲೇ ಒಂದು ಚೀಲ ಕೆಂಕೆ ಕಟ್ಟಿಸಿಕೊಂಡಿದ್ದ. ದಾರಿಯುದ್ದಕ್ಕೂ ವ್ಯಾನಿನ ಡ್ರೈವರನಿಗೆ ಪಾಠ. ಮನೆ ಬಾಗಿಲಿಗೆ ಹೋದರೆ ತಾಚಿವಾ ನೀರು ಕೊಟ್ಟಳು, ಕೂರಿಸಿದಳು, ಒಳಗೆ ಹೋದಳು, ಸಪ್ಪೆ ಮುಖ ಮಾಡಿಕೊಂಡು ಬಂದಳು. "ಮಾಮ, ಅಪ್ಪ ಯಾರನ್ನೂ ನೋಡಲ್ಲ ಅಂತ ತಲೆ ಆಡಿಸ್ತಾರೆ. ಬಾಗಿಲು ಹಾಕ್ಕೊಂಡಿದಾರೆ." ಬಾಫಿ ಎದ್ದು ನಿಂತು ಮುಚ್ಚಿದ ಬಾಗಿಲನ್ನು ನೋಡಿದ. ಆಮೇಲೆ ಕೆಂಕೆಯ ಚೀಲ ಎತ್ತಿಕೊಂಡು ಹೊರಟೇಬಿಟ್ಟ. ವಾಪಸ್ ಬರುವಾಗ ಸಿಟ್ಟಿನಲ್ಲಿ ಆ ಚೀಲದ ಕೆಂಕೆಯನ್ನೆಲ್ಲ ತಾನೇ ತಿಂದ. ಒಂದೂ ಬಿಡಲಿಲ್ಲ, ನನಗೂ ಕೊಡಲಿಲ್ಲ.

"ದೊಡ್ಡ ಮನುಷ್ಯ ಆಗ್ಬಿಟ್ಟ ಅವ್ನು," ಅಂದ ಬಾಯಿ ತುಂಬ ತುಂಬಿಕೊಂಡು. "ಮುಖ ತೋರ್ಸಲ್ವಂತೆ. ನನ್ನ ಲಾರಿ ಹಿಂದೆ ಓಡ್ತಿದ್ದವ್ನು!"

ಸಿಟ್ಟು ಬಂದಾಗ ಬಾಫಿಗೆ ಉತ್ತರ ಕೊಡುವುದೂ ಒಂದೇ, ಹೋತಕ್ಕೆ ಬುದ್ಧಿ ಹೇಳುವುದೂ ಒಂದೇ.

ಆಮೇಲೆ ಮರದ ಕೆಳಗೆ ಅವನು ಬೇರೆಯವರ ಜೊತೆ ಡಾಮೆ ಆಡಿದ. ಬಾಯಿ ಬಿಡದೆ ಆಡಿದ, ಹಾಗಾಗಿ ಸೋತ. ಸೋತರೂ ಬೈಯಲಿಲ್ಲ. ನನಗೇ ಭಯವಾಯಿತು, ಹೋಗಿ ಪಕ್ಕ ಕೂತು ಏನಾಯ್ತು ಅಂತ ಕೇಳಿದೆ. ಅವನು ನೆಲ ನೋಡುತ್ತ ಹೇಳಿದ, "ಅವ್ನು ಸಾಯ್ಲಿ ಡುಫಿ, ಎಲ್ರೂ ಸಾಯ್ತೀವಿ. ಆದ್ರೆ ಒಂದ್ಸಲ ನನ್ನ ಬೈದು ಸಾಯ್ಲಿ. ಹೀಗೆ ಬಾಗ್ಲು ಹಾಕ್ಕೊಂಡು, ಬಾಯಿ ಮುಚ್ಕೊಂಡು ಹೋಗ್ಬಿಟ್ರೆ ನಾನೇನ್ ಮಾಡ್ಲಿ? ಎಲ್ಲಿಗ್ ಹೋಗ್ಲಿ?" ಕಣ್ಣಲ್ಲಿ ನೀರಿತ್ತು. ಬಾಫಿ ಅಳುವುದನ್ನು ನೋಡಿ ನನಗೂ ದುಃಖ ಉಕ್ಕಿತು, ತೋರಿಸಿಕೊಳ್ಳದೆ ಎದ್ದು ಬಂದು ಮೆಣಸಿನಕಾಯಿ ಅರೆದೆ.

ಆಗ ತಾಚಿವಾಳ ಫೋನ್ ಬಂತು. ಬಾಫಿಯದು ಗುಂಡಿ ಒತ್ತುವ ಹಳೆ ಫೋನು, ಆದ್ದರಿಂದ ನನಗೆ ಮಾಡಿದಳು. "ಡುಫಿ ಚಿಕ್ಕಮ್ಮ, ನನ್ನ ಟ್ಯಾಬ್‌ನಲ್ಲಿ ಒಂದು ಗೇಮ್ ಇದೆ. ಲಾರಿ ಓಡಿಸೋ ಗೇಮು. ಅಪ್ಪ ಅದನ್ನ ಮೇಜಿನ ಮೇಲಿಟ್ಕೊಂಡು ಎಡಗೈ ಬೆರಳಲ್ಲಿ ಆಡ್ತಾರೆ. ಬಿಡೋದೇ ಇಲ್ಲ. ಆದ್ರೆ ಅದು ಇಬ್ರು ಸೇರಿ ಆಡ್ಬೇಕಾದ ಆಟ. ಒಬ್ರು ಓಡಿಸ್ಬೇಕು, ಇನ್ನೊಬ್ರು ಇಳಿದು ಹತ್ತಿ ಮಾಡ್ಬೇಕು. ನಾನು ಶಾಲೆಗೆ ಹೋದ್ರೆ ಯಾರೂ ಇಲ್ಲ. ಬಾಫಿ ಮಾಮ ಆಡ್ತಾರಾ? ಅವ್ರವ್ರ ಊರಲ್ಲಿ ಕೂತ್ಕೊಂಡೇ ಆಡ್ಬಹುದು, ಮಾತೂ ಕೇಳ್ಸುತ್ತೆ."

"ಬಾಗ್ಲು ತೆಗೀದವ್ನು ಆಟದೊಳಗೆ ಬಿಟ್ಕೋತಾನಾ?" ಅಂದೆ.

ತಾಚಿವಾ ಆಗ ಬಾಗಿಲಿನ ಕಥೆ ಹೇಳಿದಳು. ಆಸ್ಪತ್ರೆಯಿಂದ ಬಂದ ಹೊಸದರಲ್ಲಿ ಚರ್ಚಿನ ಹಿರಿಯರೊಬ್ಬರು ನೋಡಲು ಬಂದರಂತೆ. ಅವರು ಕೈ ಚಾಚಿದರು. ಅಡೊಮಾಕೊ ಅಭ್ಯಾಸದಂತೆ ಕೈ ಎತ್ತಲು ಹೋದ, ಎದ್ದಿದ್ದು ಎಡಗೈ. ನಮ್ಮಲ್ಲಿ ಹಿರಿಯರಿಗೆ ಎಡಗೈ ಚಾಚಿದರೆ ಮುಖಕ್ಕೆ ಉಗಿದ ಹಾಗೆ. ಅವನು ಬೆಂಕಿ ಮುಟ್ಟಿದವನಂತೆ ಕೈ ಹಿಂದಕ್ಕೆಳೆದು ಹೊದ್ದ ಬಟ್ಟೆಯೊಳಗೆ ಮುಚ್ಚಿಕೊಂಡನಂತೆ. ಅವತ್ತು ಹಾಕಿದ ಬಾಗಿಲು ಅದು. "ಆಟದಲ್ಲಿ ಯಾರಿಗೂ ಕೈ ಕೊಡ್ಬೇಕಾಗಿಲ್ವಲ್ಲ ಚಿಕ್ಕಮ್ಮ," ಅಂದಳು.

ಬಾಫಿಗೆ ಇದನ್ನು ಹೇಳಿದೆ. ಅವನು ತನ್ನ ಬಲಗೈಯನ್ನು ತಿರುಗಿಸಿ ಮುರುಗಿಸಿ ನೋಡಿಕೊಂಡ. "ಅಷ್ಟೇನಾ?" ಅಂದ. "ಅಷ್ಟಕ್ಕೇ ನನ್ನ ಕೆಂಕೆ ಹೊರಗಡೆ ಇಟ್ನಾ, ಮುಂಡೇದು?" ಆಮೇಲೆ ಸಂಜೆಯ ತನಕ ಯಾರಿಗೂ ಗಾಡಿ ಓಡಿಸುವ ಪಾಠ ಹೇಳಲಿಲ್ಲ.

ಗೇಮನ್ನು ನನ್ನ ಫೋನಿಗೆ ಇಳಿಸಿಕೊಂಡೆವು. ನನ್ನ ಫೋನು, ನನ್ನ ಡೇಟಾ, ನನ್ನ ಸ್ಟೂಲು, ಗೇಮು ಮಾತ್ರ ಬಾಫಿಯದು. ಹೆಸರು ಹಾಕು ಅಂತ ಅದು ಕೇಳಿತು. ನಾನು 'ಮುದಿಹೋತ' ಅಂತ ಒತ್ತಿದೆ. ಬಾಫಿ ಕನ್ನಡಕ ಹುಡುಕುತ್ತ "ಏನ್ ಬರ್ದೆ?" ಅಂದ. "ಡ್ರೈವರ್ ಬಾಫಿ ಅಂತ," ಅಂದೆ. ತಾಚಿವಾ ಕಳಿಸಿದ ಅಂಕಿಗಳನ್ನು ಒತ್ತಿದ ಕೂಡಲೇ ಪರದೆಯ ಮೇಲೆ ಒಂದು ಬೆಟ್ಟ, ಬುಡದಲ್ಲಿ ಹೆಗ್ಗೆಣಸು ತುಂಬಿದ ಒಂದು ಲಾರಿ, ಲಾರಿಯೊಳಗೆ ಟೋಪಿ ಹಾಕಿದ ಒಬ್ಬ ಬೊಂಬೆ ಮನುಷ್ಯ. ಅದು ಅಡೊಮಾಕೊ. ಲಾರಿಯ ಪಕ್ಕ ನೆಲದ ಮೇಲೆ ಇನ್ನೊಬ್ಬ, ತಲೆಯ ಮೇಲೆ 'ಮುದಿಹೋತ' ಅಂತ ತೇಲುತ್ತಿತ್ತು. ಡಾಮೆ ಆಡುವವರೆಲ್ಲ ಹಲಗೆ ಬಿಟ್ಟು ಬಂದು ನಮ್ಮ ಬೆನ್ನ ಹಿಂದೆ ನಿಂತರು, ಓದಿದವರೆಲ್ಲ ಬಾಯಿ ಮುಚ್ಚಿಕೊಂಡು ನಕ್ಕರು.

ಬಾಫಿ ಗಂಟಲು ಸರಿ ಮಾಡಿಕೊಂಡು ಫೋನಿಗೆ ನೆಂಟರ ಮನೆಗೆ ಹೋದವನ ಹಾಗೆ ಹೇಳಿದ, "ಅಡೊಮಾಕೊ, ನಾನು ಕಣೋ, ಬಾಫಿ. ಮನೇಲೆಲ್ಲಾ ಚೆನ್ನಾಗಿದಾರಾ? ಮಗಳು ಚೆನ್ನಾಗಿದಾಳಾ? ನಾವೆಲ್ಲಾ ಇಲ್ಲಿ ಚೆನ್ನಾಗಿದೀವಿ. ಕೆಟ್ಟ ಸುದ್ದಿ ಏನೂ ತಂದಿಲ್ಲ. ಸುಮ್ನೆ ನೋಡ್ಕೊಂಡ್ ಹೋಗೋಣ ಅಂತ ಬಂದೆ." ಹೇಳಿ, ಮರ್ಯಾದೆಯಿಂದ ನಿಂತ. ನಮ್ಮಲ್ಲಿ ಮನೆಗೆ ಬಂದವರಿಗೆ ಮೊದಲು ನೀರು, ಆಮೇಲೆ ಮಾತು. ಪರದೆಯ ಮೇಲೆ ಮುದಿಹೋತನೂ ನೀರಿಗಾಗಿ ಲಾರಿ ಪಕ್ಕ ಕಾಯುತ್ತಿದ್ದ.

ಫೋನಿನಿಂದ ಒಂದು ಉಸಿರಿನ ಸದ್ದು ಕೇಳಿತು. ಅಷ್ಟೇ. ಆಮೇಲೆ ಲಾರಿ ಎರಡು ಸಲ ಹಾರ್ನ್ ಹೊಡೆಯಿತು.

"ಇದೇನಿದು?" ಅಂದ ಬಾಫಿ.

ಮತ್ತೆ ಎರಡು ಹಾರ್ನ್. ಬಾಫಿಯ ಮುಖ ಕಪ್ಪಿಟ್ಟಿತು. "ಹತ್ತು ಅಂತಾನೆ. ನನಗೆ! ಕ್ಲೀನರ್‌ಗೆ ಹೊಡೆಯೋ ಹಾರ್ನ್ ನನಗೆ ಹೊಡೀತಾನೆ ಇವ್ನು! ಲೋ, ನಾನು ಡ್ರೈವರ್ ಕಣೋ, ಪಕ್ಕಕ್ ಸರಿ!"

"ಆಗಲ್ಲ ಮಾಮ," ಅಂತ ಆ ಕಡೆಯಿಂದ ತಾಚಿವಾ ಕೂಗಿದಳು. "ಗೇಮ್ ತೆರೆದಿರೋದು ಅಪ್ಪ. ತೆರೆದವ್ರೇ ಓಡ್ಸೋದು. ಸೇರ್ಕೊಂಡವ್ರು ಇಳಿದು ಹತ್ತೋದು."

ಬೆನ್ನ ಹಿಂದೆ ನಿಂತವರ ನಗುವಿಗೆ ಬೇವಿನ ಮರದ ಕಾಗೆಗಳೆಲ್ಲ ಎದ್ದುಹೋದವು. ಬಾಫಿ ಫೋನನ್ನು ನನ್ನ ಮಡಿಲಿಗೆ ಎಸೆದು ಹೊರಟ. ಎದುರಿನ ಟೈರ್ ಅಂಗಡಿಯ ತನಕ ಹೋಗಿ, ಅಲ್ಲಿ ಸ್ವಲ್ಪ ನಿಂತು, ತಿರುಗಿ ಬಂದ. "ಎಲ್ಲಿ ಒತ್ಬೇಕು ಹತ್ತೋಕೆ?" ಅಂದ.

ಹೀಗೆ ಬಾಫಿ ಕ್ಲೀನರ್ ಆದ. ಮಧ್ಯಾಹ್ನ ನನ್ನ ಕೆಂಕೆ ಮುಗಿದು ಹಂಡೆ ತೊಳೆದ ಮೇಲೆ ಅವರ ಲಾರಿ ಹೊರಡುತ್ತಿತ್ತು. ಕ್ಲೀನರ್ ಕೆಲಸ ಅವನಿಗೆ ಬರುತ್ತಿರಲಿಲ್ಲ ಅನ್ನುವುದನ್ನು ನಾನು ಸಂತೋಷದಿಂದ ಹೇಳುತ್ತೇನೆ. ಒಂದು ಹಾರ್ನ್ ಬಿದ್ದರೆ ಇಳಿಯಬೇಕು, ದಿಮ್ಮಿಯ ಚಿತ್ರ ಒತ್ತಬೇಕು, ಚಕ್ರದ ಹಿಂದೆ ಇಡಬೇಕು. ಇವನು ಚಕ್ರದ ಮುಂದೆ ಇಡುತ್ತಿದ್ದ. ಕೆಸರು ಬಂದರೆ ರಸ್ತೆ ಬದಿಯ ಗಿಡಗಳ ಕೊಂಬೆ ಮುರಿದು ಚಕ್ರದ ಕೆಳಗೆ ಹಾಸಬೇಕು. ಇವನು ಕೊಂಬೆ ಹಿಡಿದುಕೊಂಡು ಗಾಡಿ ಓಡಿಸುವವನಿಗೆ ಉಪದೇಶ ಮಾಡುತ್ತ ನಿಲ್ಲುತ್ತಿದ್ದ. "ಎರಡನೇ ಗೇರ್ ಹಾಕು! ಎಡಕ್ಕೆ ಮುರಿ! ಯಾರೋ ನಿನಗೆ ಸ್ಟೀರಿಂಗ್ ಕೊಟ್ಟೋರು?" ಅಡೊಮಾಕೊ ಎರಡು ಹಾರ್ನ್ ಹೊಡೆಯುವನು, ಬಾಫಿ ಹತ್ತುವ ಮುಂಚೆಯೇ ಲಾರಿ ಬಿಡುವನು. ಲಾರಿ ಧೂಳೆಬ್ಬಿಸಿಕೊಂಡು ತಿರುವಿನಲ್ಲಿ ಮಾಯ. ಧೂಳಿನೊಳಗೆ ಮುದಿಹೋತ ಓಡುತ್ತಿರುವನು.

"ನಿಲ್ಸೋ! ಹತ್ತಿಲ್ಲ ನಾನು! ಲೋ, ಬೇಕಂತಲೇ ಬಿಟ್ಹೋಗ್ತಿದಾನೆ ನೋಡು ಡುಫಿ!"

"ನಿನ್ನ ಹಲಗೆ ಮೇಲೆ ಏನ್ ಬರೆದಿದೆ ಬಾಫಿ ಮಾಮ?" ಅಂತ ಹಿಂದಿನಿಂದ ಯಾರೋ ಕೇಳಿದರು.

ಅಡೊಮಾಕೊ ಬೇಕಂತಲೇ ಬಿಟ್ಟುಹೋಗುತ್ತಿದ್ದ, ಅದರಲ್ಲಿ ಅನುಮಾನವಿಲ್ಲ. ಆದರೆ ತಿರುವು ದಾಟಿ ಎಲ್ಲೋ ಒಂದು ಕಡೆ ಲಾರಿ ನಿಂತು ಕಾಯುತ್ತಿತ್ತು. ಅದನ್ನು ಕಂಡಾಗ ಬಾಫಿಯ ಮುಖ ಅರಳುವುದನ್ನು ನಾನು ನೋಡಿದ್ದೇನೆ. ಅವನಿಗೆ ಬೇಕಾಗಿದ್ದು ಬೇರೆ. ಪ್ರತಿ ದಿನ ಆಟ ಮುಗಿದಾಗ ಫೋನನ್ನು ಬಾಯಿ ಹತ್ತಿರ ಹಿಡಿದು ಕೆಣಕುತ್ತಿದ್ದ, "ಬೈಯೋ. ಒಂದೇ ಒಂದು. ಸಣ್ಣದು ಆದ್ರೂ ಸಾಕು. ನಮ್ಮಪ್ಪನ್ನ ಬೈ, ನಾನೇನೂ ಅಂದ್ಕೊಳ್ಳಲ್ಲ." ಆ ಕಡೆ ಉಸಿರು ಮಾತ್ರ. ಆಮೇಲೆ ಲೈನ್ ಕಡಿದುಹೋಗುವುದು. ಬಾಫಿ ಫೋನನ್ನು ಸೆರಗಿನಲ್ಲಿ ಒರೆಸಿ ನನಗೆ ಕೊಡುವನು. ನನ್ನದೇ ಸೆರಗಿನಲ್ಲಿ, ಕೇಳದೆ.

ಒಂದು ಭಾನುವಾರ ಬಾಫಿ ಚರ್ಚು ಮುಗಿಸಿ ಬಂದ ಮೇಲೆ ಇಬ್ಬರೂ ಆಡಲು ಕೂತಿದ್ದರು. ಅವತ್ತು ಎಂದೂ ಹೋಗದಷ್ಟು ಮೇಲೆ ಹೋಗಿದ್ದರು. ಗೆಣಸು ಇಳಿಸಬೇಕಾದ ಬೆಟ್ಟದ ತುದಿಯ ಸಂತೆ ಕಾಣುತ್ತಿತ್ತು, ಡೇರೆಗಳ ಬಣ್ಣ ಕೂಡ ಕಾಣುತ್ತಿತ್ತು. ಸ್ಟೇಷನ್ನಿನ ಅರ್ಧ ಜನ ನಮ್ಮ ಬೆನ್ನ ಹಿಂದೆ. ಕಡೆಯ ಏರಿನಲ್ಲಿ ಡಬ್ ಅಂತ ಟೈರ್ ಒಡೆಯಿತು, ಲಾರಿ ನಿಂತಿತು. ಒಂದು ಹಾರ್ನ್.

ಮಾಡಬೇಕಾದ್ದು ಏನು ಅಂತ ಅಷ್ಟು ಹೊತ್ತಿಗೆ ನನ್ನ ಹತ್ತಿರ ಮೀನು ಕೊಳ್ಳಲು ಬರುವವರಿಗೂ ಗೊತ್ತಿತ್ತು. ಇಳಿ, ದಿಮ್ಮಿ ಇಡು, ಟೈರ್ ಬದಲಿಸು. ಬಾಫಿ ಇಳಿದ. ಆದರೆ ಅವನು ಜೀವಮಾನವಿಡೀ ರಸ್ತೆಯ ಮೇಲೆ ಬದುಕಿದವನು. ನಮ್ಮ ರಸ್ತೆಯಲ್ಲಿ ಲಾರಿ ಕೆಟ್ಟು ನಿಂತರೆ ಏನು ಮಾಡುತ್ತಾರೆ? ಹಿಂದೆ ಬರುವ ಗಾಡಿಗಳಿಗೆ ತಿಳಿಯಲಿ ಅಂತ ಹಸಿ ಕೊಂಬೆ ಮುರಿದು ರಸ್ತೆಯ ಮೇಲೆ ಹಾಕುತ್ತಾರೆ. ಬಾಫಿ ದಿಮ್ಮಿಯ ಕಡೆ ತಿರುಗಿಯೂ ನೋಡಲಿಲ್ಲ. ಸೀದಾ ಗಿಡದ ಹತ್ತಿರ ಹೋಗಿ ಒಂದು ಕೊಂಬೆ ಮುರಿದು ತಂದು ಲಾರಿಯ ಹಿಂದೆ ಹಾಕಿದ. ಇನ್ನಷ್ಟು ದೂರ ಹೋಗಿ ಇನ್ನೊಂದು ಹಾಕಿದ. ತಿರುವಿನ ತನಕ ಹೋಗಿ ಮತ್ತೊಂದು. ಸೊಗಸಾಗಿ, ಸಾಲಾಗಿ. ಆ ಬೆಟ್ಟದಲ್ಲಿ ಹಿಂದೆ ಬರಲು ಯಾರಿದ್ದಾರೆ? ಆ ಪ್ರಪಂಚದಲ್ಲಿ ಇದ್ದದ್ದೇ ಒಂದು ಲಾರಿ, ಇಬ್ಬರು ಮುದುಕರು.

ಲಾರಿ ಮೆಲ್ಲಗೆ ಹಿಂದಕ್ಕೆ ಉರುಳಲು ಶುರುವಾಯಿತು.

"ದಿಮ್ಮಿ! ದಿಮ್ಮಿ ಇಡೋ ಮಾಮ!" ಅಂತ ಎಲ್ಲರೂ ಕಿರುಚಿದೆವು. ಬಾಫಿ ಕೊಂಬೆ ಹಿಡಿದುಕೊಂಡು ತಿರುಗಿದ. ಹಾರ್ನ್, ಹಾರ್ನ್, ಹಾರ್ನ್. ಲಾರಿ ಮೂರು ಕೊಂಬೆಗಳ ಮೇಲೂ ಹತ್ತಿ, ಮುದಿಹೋತನ ಮೇಲೂ ಹತ್ತಿ, ತಿರುವಿನಿಂದ ಆಚೆ ಪ್ರಪಾತಕ್ಕೆ ಹೋಯಿತು. ಹೆಗ್ಗೆಣಸೆಲ್ಲ ಆಕಾಶದಲ್ಲಿ ಹಾರಾಡಿದವು.

ಆಗ ಫೋನಿನಿಂದ ಒಂದು ಸದ್ದು ಬಂತು. ಮೊದಲು ಗೊರಗೊರ ಅಂತ, ತುಕ್ಕು ಹಿಡಿದ ಎಂಜಿನ್ ಚಾಲೂ ಆಗುವ ಹಾಗೆ. ಆಮೇಲೆ ಮಾತು.

"ದ… ದಡ್ಡ! ದಡ್ಡ… ಮುಂಡೇದೇ! ದಿ… ದಿಮ್ಮಿ! ದಿಮ್ಮಿ ಎಲ್ಲೋ! ದಡ್ಡ ಮುಂಡೇದೇ!"

ಆ ಕಡೆ ತಾಚಿವಾ ಪಾತ್ರೆ ಬೀಳಿಸಿದ ಸದ್ದು, "ಅಪ್ಪಾ!" ಅಂತ ಚೀರಿದ್ದು ಕೇಳಿಸಿತು. ಈ ಕಡೆ ಬಾಫಿ ನನ್ನ ಫೋನನ್ನು ಎರಡು ಕೈಯಲ್ಲೂ ತಲೆಯ ಮೇಲೆ ಹಿಡಿದುಕೊಂಡು ಎದ್ದು ನಿಂತುಬಿಟ್ಟ. "ಬೈದ! ಕೇಳಿದ್ರಾ ಎಲ್ರೂ? ನನ್ನ ಬೈದ! ದಡ್ಡ ಮುಂಡೇದೇ ಅಂದ! ನನಗೇ ಅಂದ!" ಅಂತ ಸ್ಟೇಷನ್ ಸುತ್ತ ಓಡಿದ. ಕುಣಿಯುತ್ತಿದ್ದನೋ ಅಳುತ್ತಿದ್ದನೋ, ಎರಡನ್ನೂ ಮಾಡುತ್ತಿದ್ದ. ಅಷ್ಟು ದೊಡ್ಡ ಬೈಗುಳಕ್ಕೆ ಅಷ್ಟು ಸಂತೋಷಪಟ್ಟ ಇನ್ನೊಬ್ಬ ಗಂಡಸನ್ನು ನಾನು ಕಂಡಿಲ್ಲ. ಫೋನ್ ಬಿದ್ದು ಒಡೆದೀತು ಅಂತ ನಾನು ಹಿಂದೆ ಹಿಂದೆ ಓಡಿದೆ, ಓಡುತ್ತ ನಾನೂ ಅತ್ತೆ.

ಅಡೊಮಾಕೊಗೆ ಮಾತು ಬಂತು, ಆದರೆ ಎಲ್ಲ ಬರಲಿಲ್ಲ. ಬೈಗುಳ ಸಲೀಸಾಗಿ ಬರುತ್ತಿತ್ತು, ಉಳಿದದ್ದು ಒಂದೊಂದು ಶಬ್ದ, ಅದೂ ಎಳೆದೆಳೆದು. ಚರ್ಚಿನ ಪಾದ್ರಿ ಮುಚ್ಚಿದ ಬಾಗಿಲ ಹೊರಗೆ ನಿಂತು ಪ್ರಾರ್ಥನೆ ಮಾಡಿದರೆ ಒಳಗಿನಿಂದ "ದಡ್ಡ ಮುಂಡೇದೇ" ಅಂತ ಕೇಳಿಸಿತಂತೆ. ಬಾಗಿಲು ಮಾತ್ರ ಇನ್ನೂ ಹಾಕಿಯೇ ಇತ್ತು.

"ಮುಂದಿನ ಸಲ ಜೋಳಕ್ಕೆ ಯಾವಾಗ ಹೋಗ್ತೀಯ?" ಅಂತ ಬಾಫಿ ಕೇಳಿದ. ಮತ್ತೆ ಅದೇ ಭಾನುವಾರದ ಶರಟು, ಮತ್ತೆ ನನ್ನದೇ ಕೆಂಕೆ. ಈ ಸಲ ವ್ಯಾನಿನ ಡ್ರೈವರನಿಗೆ ಏನೂ ಹೇಳಲಿಲ್ಲ. ದಾರಿಯುದ್ದಕ್ಕೂ ಎಡಗೈಯ ನಡುಬೆರಳನ್ನು ಹೆಬ್ಬೆರಳಿಗೆ ಒತ್ತಿ ಒತ್ತಿ ಏನೋ ಮಾಡುತ್ತಿದ್ದ. ಕೈ ಜೋಮು ಹಿಡಿದಿರಬೇಕು ಅಂದುಕೊಂಡೆ.

ಮನೆಯಲ್ಲಿ ತಾಚಿವಾ ನೀರು ತಂದಳು. ಬಾಫಿ ನೀರನ್ನು ಮುಟ್ಟದೆ ಸೀದಾ ಒಳಗೆ ಹೋಗಿ ಬಾಗಿಲು ತಳ್ಳಿದ. ನಾವಿಬ್ಬರೂ ಹಿಂದೆ ಓಡಿದೆವು. ಕಿಟಕಿಯ ಪಕ್ಕ ಕುರ್ಚಿಯಲ್ಲಿ ಅಡೊಮಾಕೊ ಕೂತಿದ್ದ. ಅರ್ಧ ಆಗಿಹೋಗಿದ್ದ. ಬಾಯಿ ಒಂದು ಕಡೆ ಜಾರಿತ್ತು. ಬಾಫಿಯನ್ನು ಕಂಡ ಕೂಡಲೇ ಎಡಗೈಯನ್ನು ಹೊದ್ದ ಬಟ್ಟೆಯೊಳಗೆ ತೂರಿಸಿ ಮುಖ ತಿರುಗಿಸಿದ.

ಬಾಫಿ ಎದುರಿಗೆ ಹೋಗಿ ನಿಂತ. ಬಲಗೈಯನ್ನು ಪ್ಯಾಂಟಿನ ಜೇಬಿನೊಳಗೆ ಮೊಣಕೈ ತನಕ ತುರುಕಿ, ಎಡಗೈ ಚಾಚಿದ.

"ಮಾಮ!" ಅಂದಳು ತಾಚಿವಾ, ಹೌಹಾರಿ. ಹೆತ್ತವರ ಎದುರು ಕೂಡ ಹಾಗೆ ಯಾರೂ ಮಾಡುವುದಿಲ್ಲ, ಮಾಡಿದರೆ ಏಟು.

"ಏನ್ ನೋಡ್ತೀಯ?" ಅಂದ ಬಾಫಿ. "ಬಲಗೈಗೆ ಬೇರೆ ಕೆಲಸ ಇದೆ. ನನ್ನ ಹತ್ರ ಇರೋದು ಇದೊಂದೇ. ಬೇಕಾದ್ರೆ ತಗೋ. ಇಲ್ಲಾಂದ್ರೆ ಹಾರ್ನ್ ಹೊಡಿ, ಇಳಿದು ಹೋಗ್ತೀನಿ."

ಅಡೊಮಾಕೊ ಆ ಕೈಯನ್ನು ನೋಡಿದ. ಬಾಫಿಯ ಮುಖ ನೋಡಿದ. ಬಾಫಿ ಚಾಚಿದ ಕೈಯನ್ನು ಇಳಿಸಲಿಲ್ಲ. ಕೊನೆಗೆ ಬಟ್ಟೆಯೊಳಗಿನಿಂದ ಎಡಗೈ ಹೊರಗೆ ಬಂತು. ಹಿಡಿದುಕೊಂಡರು. ಬಿಡುವಾಗ ಬೆರಳಿಗೆ ಬೆರಳು ಸಿಕ್ಕಿಸಲು ನೋಡಿದರು, ಜಾರಿತು. ಎಡಗೈಗೆ ಅಭ್ಯಾಸ ಎಲ್ಲಿ?

"ಇನ್ನೊಂದ್ಸಲ," ಅಂದ ಬಾಫಿ. ಮತ್ತೆ ಜಾರಿತು. "ಗಟ್ಟಿಯಾಗಿ ಹಿಡಿಯೋ, ನಾನು ದಾರಿಯುದ್ದಕ್ಕೂ ಪ್ರಾಕ್ಟೀಸ್ ಮಾಡ್ಕೊಂಡ್ ಬಂದಿದೀನಿ!"

ಚಟ್ ಅಂತು.

ಅಡೊಮಾಕೊನ ಜಾರಿದ ಬಾಯಿ ಅಲುಗಾಡಿತು. ಬೈಗುಳ ಬರುತ್ತದೆ ಅಂತ ನಾವೆಲ್ಲ ಕಾದೆವು. ಅವನು ಒಂದೊಂದೇ ಅಕ್ಷರವನ್ನು ಏರು ಹತ್ತಿಸಿದ. "ತ… ತಡ… ತಡ ಮಾಡ್ದೆ."

ಜೀವಮಾನದಲ್ಲಿ ಒಂದೇ ಒಂದು ತಪ್ಪನ್ನೂ ಒಪ್ಪಿಕೊಳ್ಳದ ಬಾಫಿ ಕುರ್ಚಿಯ ಪಕ್ಕ ನೆಲದ ಮೇಲೆ ಕೂತುಬಿಟ್ಟ. ಗೆಳೆಯನ ಮಡಿಲಿನಲ್ಲಿ ಸತ್ತು ಬಿದ್ದಿದ್ದ ಬಲಗೈಯನ್ನು, ಆ ಉಗುರಿಲ್ಲದ ಬೆರಳನ್ನು, ಎತ್ತಿ ತನ್ನ ಕೈಯೊಳಗೆ ಇಟ್ಟುಕೊಂಡ.

"ಹೂಂ ಕಣೋ," ಅಂದ. "ಅವತ್ತು ಘಾಟೀಲಿ ನೀನು ತಡ ಮಾಡಿರ್ಲಿಲ್ಲ. ನಾನೇ ಮಾಡ್ದೆ."